ಬೂದು ಬಣ್ಣದ ವಿಹಾರ ನೌಕೆಗಳು

ನ್ಯೂಯಾರ್ಕ್‌ನ ಬ್ಯಾಂಕರ್ ಜೆ. ಪಿಯರ್‌ಪಾಂಟ್ ಮಾರ್ಗನ್‌ಗೆ ತನ್ನ ಎರಡನೇ ‘ಕೋರ್ಸೇರ್’ ವಿಹಾರ ನೌಕೆಯನ್ನು ಬಿಟ್ಟುಕೊಡುವ ಮನಸ್ಸು ಸುತರಾಂ ಇರಲಿಲ್ಲ. ಅದು 1898ರ ಏಪ್ರಿಲ್. ಎರಡು ತಿಂಗಳ ಹಿಂದೆ, ಫೆಬ್ರವರಿ 15ರ ರಾತ್ರಿ, ಹವಾನಾ ಬಂದರಿನಲ್ಲಿ ಅಮೆರಿಕದ ಯುದ್ಧನೌಕೆ ‘ಮೇನ್’ ಸಿಡಿದು 260ಕ್ಕೂ ಹೆಚ್ಚು ಮಂದಿ ಸತ್ತಿದ್ದರು. ಸ್ಪೇನ್ ಜೊತೆ ಯುದ್ಧ ತಪ್ಪುವ ಹಾಗಿರಲಿಲ್ಲ. ಅಮೆರಿಕದ ನೌಕಾಪಡೆಯ ಹತ್ತಿರ ದೊಡ್ಡ ಫಿರಂಗಿಗಳ ಭಾರೀ ಹಡಗುಗಳಿದ್ದವು. ಆದರೆ ಕ್ಯೂಬಾದ ಉದ್ದನೆಯ ಕರಾವಳಿಯನ್ನು ಸುತ್ತಿ ಕಾಯಲು, ಬಂದರುಗಳ ಬಾಯಲ್ಲಿ ನಿಂತು ಕಣ್ಣಿಡಲು, ಸುದ್ದಿ ಹೊತ್ತು ಓಡಲು ಬೇಕಾದ ಚಿಕ್ಕ, ಚುರುಕು ಹಡಗುಗಳಿಗೆ ಬರ. ಹೊಸದಾಗಿ ಕಟ್ಟಲು ತಿಂಗಳುಗಟ್ಟಲೆ ಹಿಡಿಯುತ್ತಿತ್ತು. ಅದೇ ಹೊತ್ತಿಗೆ ಅಟ್ಲಾಂಟಿಕ್ ದಡದ ಬಂದರುಗಳಲ್ಲಿ ಸಿರಿವಂತರ ಉಗಿ ಯಾಟ್‌ಗಳು ಲಂಗರು ಹಾಕಿ ನಿಂತಿದ್ದವು. ಒಳ್ಳೆಯ ಎಂಜಿನ್, ಒಳ್ಳೆಯ ಉಕ್ಕು, ಸಾಗರ ದಾಟಬಲ್ಲ ಮೈಕಟ್ಟು. ನೌಕಾಪಡೆಯ ಅಧಿಕಾರಿಗಳು ಪಟ್ಟಿ ಹಿಡಿದು ಹೊರಟರು.

ಮಾರ್ಗನ್‌ಗೆ ಕೊಟ್ಟ ಬೆಲೆ 2.25 ಲಕ್ಷ ಡಾಲರ್. ಹಡಗಿನ ಹೆಸರು ‘ಗ್ಲಾಸ್ಟರ್’ ಎಂದಾಯಿತು. ಅದು ಹೋದ ಕೊರಗಿಗೆ ಅವನು ಅದೇ ಮಾದರಿಯಲ್ಲಿ, ಅದಕ್ಕಿಂತ ದೊಡ್ಡದಾಗಿ, 304 ಅಡಿ ಉದ್ದದ ಮೂರನೇ ಕೋರ್ಸೇರ್ ಕಟ್ಟಿಸಿದ. ಹಳೆಯ ಹಡಗಿನ ಜಮಖಾನೆಯ ವಿನ್ಯಾಸ ಮಾರುಕಟ್ಟೆಯಿಂದ ಮಾಯವಾಗಿತ್ತು. ಗಿರಣಿಯಲ್ಲಿ ಅದನ್ನೇ ಮತ್ತೆ ನೇಯಿಸಿದನೆಂದು ಅವನ ಜೀವನಚರಿತ್ರೆ ಬರೆದವರು ಹೇಳುತ್ತಾರೆ. ಆ ಕಾಲದಲ್ಲಿ ಯಾಟ್ ಎಂದರೆ ಏನಾಗಿತ್ತು ಎಂಬುದಕ್ಕೆ ಈ ಜಮಖಾನೆಯ ಸಂಗತಿ ಸಾಕು. ಅದು ನೀರಿನ ಮೇಲಿನ ಬಂಗಲೆ. ಹತ್ತಿಪ್ಪತ್ತು ಅತಿಥಿಗಳು, ಅವರನ್ನು ನೋಡಿಕೊಳ್ಳಲು ಅದರ ಎರಡು ಮೂರು ಪಟ್ಟು ಆಳುಗಳು, ತೇಗದ ಡೆಕ್, ಊಟದ ಕೋಣೆಯ ಗೋಡೆಗೆ ಮಹಾಗನಿ. ಹವೆ ಕೆಟ್ಟರೆ ಬಂದರು ಸೇರುವುದೇ ವಾಡಿಕೆ. ಚಳಿಗಾಲದ ನಡುಗಡಲಿನಲ್ಲಿ ವಾರಗಟ್ಟಲೆ ಅಲೆ ತಿನ್ನುತ್ತಾ ನಿಲ್ಲುವುದು ಅದರ ಜಾತಕದಲ್ಲಿ ಬರೆದಿರಲಿಲ್ಲ.

ಗ್ಲಾಸ್ಟರ್‌ಗೆ ಕಮಾಂಡರ್ ಆಗಿ ಬಂದವನು ರಿಚರ್ಡ್ ವೇನ್‌ರೈಟ್. ‘ಮೇನ್’ ಸಿಡಿದಾಗ ಅದರಲ್ಲಿ ಎರಡನೇ ಅಧಿಕಾರಿಯಾಗಿದ್ದು ಬದುಕಿ ಉಳಿದವನು. ತನ್ನದೇ ಹಡಗಿನ ಹುಡುಗರ ಹೆಣಗಳನ್ನು ಹವಾನಾ ಬಂದರಿನ ಕೆಸರಿನಿಂದ ಎತ್ತಿಸುವ ಕೆಲಸದಲ್ಲಿ ವಾರಗಳನ್ನು ಕಳೆದವನು. ಅಂಥವನ ಕೈಗೆ ಬಂದದ್ದು ಒಬ್ಬ ಬ್ಯಾಂಕರನ ಮೋಜಿನ ಹಡಗು. ಅದಕ್ಕೆ ಆರು ಪೌಂಡಿನ ಮತ್ತು ಮೂರು ಪೌಂಡಿನ ಸಣ್ಣ ಫಿರಂಗಿಗಳನ್ನು ಕೂರಿಸಿದ್ದರು, ಮೈಗೆ ಕವಚವೆಂಬುದಿರಲಿಲ್ಲ.

ಜುಲೈ 3ರ ಭಾನುವಾರ ಬೆಳಿಗ್ಗೆ ಒಂಬತ್ತೂವರೆಯ ಸುಮಾರಿಗೆ ಕ್ಯೂಬಾದ ಸ್ಯಾಂಟಿಯಾಗೊ ಬಂದರಿನ ಕಿರಿದಾದ ಬಾಯಿಂದ ಸ್ಪೇನಿನ ಹಡಗುಗಳು ಒಂದರ ಹಿಂದೆ ಒಂದು ಹೊರಬಂದವು. ಅಡ್ಮಿರಲ್ ಸೆರ್ವೆರಾನ ನಾಲ್ಕು ಕ್ರೂಸರುಗಳು, ಅವುಗಳ ಬೆನ್ನಿಗೆ ‘ಪ್ಲುಟೊನ್’, ‘ಫುರೋರ್’ ಎಂಬ ಎರಡು ಡೆಸ್ಟ್ರಾಯರುಗಳು. ಹೊರಗೆ ಕಾದಿದ್ದ ಅಮೆರಿಕದ ದೊಡ್ಡ ಹಡಗುಗಳು ಅವುಗಳಲ್ಲಿ ದೊಡ್ಡವನ್ನು ಅಟ್ಟಿಕೊಂಡು ಪಶ್ಚಿಮಕ್ಕೆ ಓಡಿದವು. ವೇನ್‌ರೈಟ್ ಮಾತ್ರ ಓಡಲಿಲ್ಲ. ವೇಗ ತಗ್ಗಿಸಿ, ಬಾಯ್ಲರುಗಳಲ್ಲಿ ಹಬೆಯ ಒತ್ತಡ ಏರಿಸಿಕೊಳ್ಳುತ್ತಾ, ಡೆಸ್ಟ್ರಾಯರುಗಳು ಹೊರಬರುವುದನ್ನೇ ಕಾದ. ಟಾರ್ಪೆಡೊ ಹೊತ್ತ ಆ ಎರಡು ಹಡಗುಗಳು ಅಂದಿನ ನಾವಿಕರ ದುಃಸ್ವಪ್ನ. ಭಾರೀ ಯುದ್ಧನೌಕೆಗಳೂ ಅವುಗಳಿಗೆ ಅಂಜುತ್ತಿದ್ದವು. ಅವು ಕಾಣಿಸಿದ್ದೇ ತಡ, ಕೂಡಿಟ್ಟ ಹಬೆಯನ್ನೆಲ್ಲ ಬಿಟ್ಟು ಗ್ಲಾಸ್ಟರ್ ನೇರ ಅವುಗಳ ಮೇಲೆ ಹೋಯಿತು. ದಡದ ಫಿರಂಗಿಗಳ ಗುಂಡು ಸುತ್ತ ಬೀಳುತ್ತಿದ್ದರೂ ಹತ್ತಿರ ಹತ್ತಿರ ಸರಿದು ಸಣ್ಣ ಫಿರಂಗಿಗಳಿಂದಲೇ ಅವುಗಳ ಡೆಕ್ಕನ್ನು ಗುಡಿಸಿಹಾಕಿತು. ದೂರದಿಂದ ದೊಡ್ಡ ಹಡಗುಗಳ ಗುಂಡುಗಳೂ ಬಿದ್ದವು. ಪ್ಲುಟೊನ್ ಬಂಡೆಗೆ ಬಡಿಯಿತು, ಫುರೋರ್ ಮುಳುಗಿತು. ಡೆಸ್ಟ್ರಾಯರ್ ಎಂಬ ಹಡಗಿನ ಕಲ್ಪನೆಗೇ ರೂಪ ಕೊಟ್ಟವರಲ್ಲಿ ಒಬ್ಬನಾದ ಸ್ಪೇನಿನ ಫರ್ನಾಂಡೊ ವಿಲ್ಯಾಮಿಲ್ ಅಂದು ಫುರೋರ್ ಮೇಲೆಯೇ ಸತ್ತ. ಗ್ಲಾಸ್ಟರ್‌ನಲ್ಲಿ ಒಬ್ಬನೂ ಸಾಯಲಿಲ್ಲ.

ಈ ಕಾಳಗದ ವರ್ಣನೆ ಎಲ್ಲ ಪುಸ್ತಕಗಳಲ್ಲೂ ಉದ್ದುದ್ದಕ್ಕೆ ಬರುತ್ತದೆ. ನನ್ನನ್ನು ಹಿಡಿದು ನಿಲ್ಲಿಸುವುದು ಅದರ ನಂತರದ ಭಾಗ. ಗುಂಡು ನಿಂತ ಮೇಲೆ ವೇನ್‌ರೈಟ್ ದೋಣಿಗಳನ್ನು ಇಳಿಸಿದ. ಬೆಂಕಿ ಹತ್ತಿ ದಡಕ್ಕೆ ಬಡಿದಿದ್ದ ಸ್ಪೇನಿನ ಹಡಗುಗಳಲ್ಲಿ ಮದ್ದುಗುಂಡು ಸಿಡಿಯುತ್ತಲೇ ಇತ್ತು. ಆ ಉರಿಯ ಪಕ್ಕಕ್ಕೆ ಗ್ಲಾಸ್ಟರ್‌ನ ದೋಣಿಗಳು ಹೋಗಿ ಸುಟ್ಟ, ಗಾಯಗೊಂಡ, ನೀರು ಕುಡಿದ ಶತ್ರುಗಳನ್ನು ಒಬ್ಬೊಬ್ಬರಾಗಿ ಎಳೆದು ತಂದವು. ಹಾಗೆ ಬಂದವರಲ್ಲಿ ಮೈಯೆಲ್ಲ ತೊಯ್ದ ಮುದುಕ ಅಡ್ಮಿರಲ್ ಸೆರ್ವೆರಾನೂ ಇದ್ದ. ವೇನ್‌ರೈಟ್ ಅವನನ್ನು ಸೆರೆಯಾಳೆಂದು ಕಾಣದೆ ಅತಿಥಿಯ ಗೌರವದಿಂದ ಬರಮಾಡಿಕೊಂಡ. ಮುಂದೆ ಇಪ್ಪತ್ತು ವರ್ಷಗಳ ಕಾಲ, ಬೇರೆ ಬೇರೆ ಸಮುದ್ರಗಳಲ್ಲಿ, ಇಂಥ ಹಡಗುಗಳು ಮಾಡಿದ ದೊಡ್ಡ ಕೆಲಸ ಇದೇ: ನೀರಿಗೆ ಬಿದ್ದವರನ್ನು ಎತ್ತುವುದು. ಮುಳುಗಿಸಿದ ಲೆಕ್ಕ ಹಿಡಿದು ಅಳೆದರೆ ಅವು ಸಣ್ಣವೇ. ಉಳಿಸಿದ ಲೆಕ್ಕ ಬೇರೆ.

1917ಕ್ಕೆ ಬರೋಣ. ಆ ವರ್ಷ ಫೆಬ್ರವರಿ 1ರಿಂದ ಜರ್ಮನಿ ಯಾವ ಹಡಗೆಂದು ನೋಡದೆ, ಮುನ್ಸೂಚನೆ ಕೊಡದೆ ಮುಳುಗಿಸತೊಡಗಿತು. ಏಪ್ರಿಲ್ ಒಂದೇ ತಿಂಗಳಲ್ಲಿ 8 ಲಕ್ಷ ಟನ್‌ಗೂ ಮೀರಿದ ಹಡಗುಗಳು ತಳ ಸೇರಿದವು. ಅದೇ ಏಪ್ರಿಲ್ 6ರಂದು ಅಮೆರಿಕ ಯುದ್ಧಕ್ಕಿಳಿಯಿತು. ಲಂಡನ್ನಿನಲ್ಲಿದ್ದ ಅಮೆರಿಕದ ಅಡ್ಮಿರಲ್ ವಿಲಿಯಂ ಸಿಮ್ಸ್ ಮತ್ತೆ ಮತ್ತೆ ಕೇಳಿದ್ದು ಡೆಸ್ಟ್ರಾಯರುಗಳನ್ನು. ಇದ್ದವುಗಳಲ್ಲಿ ಮೊದಲ ಆರು ಮೇ 4ರಂದು ಐರ್ಲೆಂಡಿನ ಕ್ವೀನ್ಸ್‌ಟೌನ್ ಸೇರಿದವು. ಉಳಿದವೂ ಬಹುಪಾಲು ಅತ್ತಲೇ ಹೋದವು. ಫ್ರಾನ್ಸಿನ ಅಟ್ಲಾಂಟಿಕ್ ಕರಾವಳಿ ಖಾಲಿ ಉಳಿಯಿತು. ಫ್ರೆಂಚ್ ನೌಕಾಪಡೆಯ ಬಲ ಮೆಡಿಟರೇನಿಯನ್‌ನಲ್ಲಿ ಸಿಕ್ಕಿಕೊಂಡಿತ್ತು. ಆದರೆ ಅಮೆರಿಕದ ಸೈನಿಕರು ಇಳಿಯಬೇಕಾದ ಬಂದರುಗಳು, ಸೇಂಟ್ ನಜೇರ್, ಬ್ರೆಸ್ಟ್, ಇರುವುದು ಈ ಕರಾವಳಿಯಲ್ಲೇ. ವೇಲ್ಸಿನ ಕಲ್ಲಿದ್ದಲು ಫ್ರಾನ್ಸಿನ ಕಾರ್ಖಾನೆಗಳಿಗೆ ತಲುಪುತ್ತಿದ್ದದ್ದೂ ಈ ದಾರಿಯಿಂದಲೇ. ಕಾಯುವವರು ಬೇಕಿತ್ತು. ಮತ್ತೆ ಯಾಟ್‌ಗಳ ಪಟ್ಟಿ ಹೊರಬಂತು.

ಈ ಸಲ ಮಾರ್ಗನ್‌ನ ಮಗ, ಕಿರಿಯ ಜೆ. ಪಿ. ಮಾರ್ಗನ್, ಆ ಮೂರನೇ ಕೋರ್ಸೇರನ್ನು ಒಪ್ಪಿಸಿದ. ಮೇ 15ರಂದು ಅದು ಯುದ್ಧಸೇವೆಗೆ ಸೇರಿತು. ಟೈಟಾನಿಕ್‌ನಲ್ಲಿ ತಂದೆಯನ್ನು ಕಳೆದುಕೊಂಡಿದ್ದ ವಿನ್ಸೆಂಟ್ ಆಸ್ಟರ್ ತನ್ನ ‘ನೋಮಾ’ ಕೊಟ್ಟು ತಾನೂ ನೌಕಾಪಡೆ ಸೇರಿದ. ಫಿಲಡೆಲ್ಫಿಯಾದ ಡ್ರೆಕ್ಸೆಲ್ ‘ಅಲ್ಸೀಡೊ’ ಕೊಟ್ಟ. ಪತ್ರಿಕಾ ಮಾಲೀಕ ಸೈರಸ್ ಕರ್ಟಿಸ್‌ನಿಂದ ‘ಲಿಡೋನಿಯಾ’ ಬಂತು. ಕರ್ನಲ್ ಆಲಿವರ್ ಪೇನ್‌ನ ‘ಆಫ್ರೊಡೈಟ್’, ನ್ಯೂಯಾರ್ಕ್‌ನ ಇರ್ವಿಂಗ್ ಬುಷ್‌ನಿಂದ ಕೊಂಡ 164 ಅಡಿಯ ಪುಟ್ಟ ‘ಕ್ರಿಸ್ಟಬೆಲ್’, ಹೀಗೆ ಪಟ್ಟಿ ಬೆಳೆಯಿತು. ಕೆಲವನ್ನು ಕೊಂಡರು, ಕೆಲವನ್ನು ಬಾಡಿಗೆಗೆ ಪಡೆದರು, ಕೆಲವು ಹೆಸರಿಗಷ್ಟೇ ಹಣಕ್ಕೆ ಬಂದವು.

ಹಡಗುಕಟ್ಟೆಗಳಲ್ಲಿ ಕೆಲಸ ಹಗಲು ರಾತ್ರಿ ನಡೆಯಿತು. ಜಮಖಾನೆ, ಪಿಯಾನೊ, ಬೆಳ್ಳಿ ಪಾತ್ರೆಗಳು ದಡಕ್ಕಿಳಿದವು. ಅತಿಥಿಗಳ ಕೋಣೆಗಳ ನಡುವಿನ ಗೋಡೆ ಒಡೆದು ಒಂದರ ಮೇಲೊಂದು ಮಂಚ ಕಟ್ಟಿದರು. ಫಿರಂಗಿ ಹಾರಿದಾಗ ಅದರ ಒದೆತವನ್ನು ಡೆಕ್ ತಡೆಯಬೇಕಲ್ಲ. ತೇಗದ ಹಲಗೆಯ ಕೆಳಗೆ ಉಕ್ಕಿನ ತೊಲೆ ಕೊಟ್ಟು ಗಟ್ಟಿ ಮಾಡಿದರು. ಕೋರ್ಸೇರ್‌ಗೆ ಮೂರು ಇಂಚಿನ ನಾಲ್ಕು ಫಿರಂಗಿ ಬಂದವು. ಥಳಥಳಿಸುತ್ತಿದ್ದ ಹಿತ್ತಾಳೆ, ಬಿಳಿ, ಕಪ್ಪು ಎಲ್ಲದರ ಮೇಲೆ ಒಂದೇ ಬೂದು ಬಣ್ಣ. ಹೊರಗಿನಿಂದ ನೋಡಿದರೆ ಯುದ್ಧನೌಕೆ. ಆದರೆ ಬಣ್ಣದಡಿಯ ತಗಡು ಅದೇ ತೆಳು ತಗಡು. ಯುದ್ಧನೌಕೆಯ ಒಡಲನ್ನು ಅಡ್ಡಗೋಡೆಗಳಿಂದ ಹಲವು ನೀರುತಡೆ ಕೋಣೆಗಳಾಗಿ ಒಡೆದಿರುತ್ತಾರೆ; ಒಂದು ಕಡೆ ತೂತಾದರೂ ಉಳಿದವು ಹಡಗನ್ನು ತೇಲಿಸುತ್ತವೆ. ವಿಶಾಲ ದಿವಾನಖಾನೆಗಾಗಿ ಕಟ್ಟಿದ ಹಡಗಿನಲ್ಲಿ ಅಂಥ ಗೋಡೆಗಳು ಕಡಿಮೆ. ಈ ಕೊರತೆಗೆ ಬಣ್ಣ ಬಳಿಯಲು ಆಗುವುದಿಲ್ಲ.

ಹತ್ತಿದವರು ಯಾರು? ಯಾಟ್‌ನಲ್ಲೇ ಸಂಬಳಕ್ಕಿದ್ದ ಹಳೆಯ ನಾವಿಕರು ಕೆಲವರು ಹೆಸರು ಬರೆಸಿ ಉಳಿದರು. ಮಾರ್ಗನ್‌ನ ಹಡಗಿನ ಕ್ಯಾಪ್ಟನ್ ವಿಲಿಯಂ ಪೋರ್ಟರ್ ಅದೇ ಹಡಗಿನಲ್ಲಿ ಅಧಿಕಾರಿಯಾಗಿ ಮುಂದುವರಿದು, 1918ರಲ್ಲಿ ಅದರ ಕಮಾಂಡರೇ ಆದ. ಉಳಿದವರು ಮೀಸಲು ಪಡೆಗೆ ಸೇರಿದ ಹುಡುಗರು: ಪ್ರಿನ್ಸ್‌ಟನ್, ಹಾರ್ವರ್ಡ್ ಕಾಲೇಜು ಬಿಟ್ಟು ಬಂದವರು, ಗುಮಾಸ್ತರು, ಹಳ್ಳಿಯವರು, ಸಮುದ್ರವನ್ನೇ ಕಾಣದವರು. ಕೆಲಸದ ಅತ್ಯಂತ ಕಷ್ಟದ ಪಾಲು ಬಾಯ್ಲರ್ ಕೋಣೆಯದು. ಗಂಟೆಗಟ್ಟಲೆ ಬೆಂಕಿಯ ಎದುರು ನಿಂತು, ಹೊಯ್ದಾಡುವ ನೆಲದ ಮೇಲೆ ಕಾಲೂರಿ, ಸಲಿಕೆಯಿಂದ ಕಲ್ಲಿದ್ದಲು ಎರಚಬೇಕು. ಬೂದಿ ಕೆದಕಬೇಕು. ಟಾರ್ಪೆಡೊ ಬಿದ್ದರೆ ಮೊದಲು ನೀರು ನುಗ್ಗುವುದು ಅಲ್ಲಿಗೇ ಎಂದು ಗೊತ್ತಿದ್ದೂ ಆ ಏಣಿ ಇಳಿಯಬೇಕು. ಜೂನ್ 14ರಂದು ಅಮೆರಿಕದ ಮೊದಲ ಸೈನಿಕ ಹಡಗುಗಳ ಜೊತೆ ನ್ಯೂಯಾರ್ಕ್‌ನಿಂದ ಹೊರಟ ಕೋರ್ಸೇರ್ ತನ್ನ ಗುಂಪಿನ ವೇಗಕ್ಕೆ ಸಮನಾಗಲಾರದೆ ಹಿಂದಿನ ಗುಂಪಿಗೆ ಜಾರಿತು. ಅನನುಭವಿ ಕೈಗಳ ಬೆಂಕಿಗೆ ಹತ್ತೊಂಬತ್ತು ನಾಟ್ ವೇಗದ ಹಬೆ ಏಳಲಿಲ್ಲ. ಕೆಲವೇ ತಿಂಗಳಲ್ಲಿ ಆ ಕೈಗಳೇ ಪಳಗಿದವು.

ಜುಲೈ ಮೊದಲ ವಾರದಲ್ಲಿ ಬ್ರೆಸ್ಟ್ ಬಂದರಿಗೆ ಯಾಟ್‌ಗಳು ಬಂದಿಳಿದವು. ಬ್ರಿಟನಿ ಎಂಬ ಫ್ರಾನ್ಸಿನ ಆ ಮೂಲೆ ಹಡಗುಗಳ ಸ್ಮಶಾನವೆಂದೇ ಹೆಸರಾದದ್ದು. ನೀರಿನಡಿ ಹಲ್ಲು ಕಿರಿದ ಬಂಡೆಗಳು, ನದಿಯಂತೆ ಹರಿಯುವ ಉಬ್ಬರದ ಸೆಳೆತ, ಬೆಳಗಾದರೆ ಮಂಜು. ಯುದ್ಧವೆಂದು ಲೈಟ್‌ಹೌಸುಗಳ ಬೆಳಕನ್ನೂ ತಗ್ಗಿಸಿದ್ದರು. ಈ ಹಡಗುಗಳು ಇಪ್ಪತ್ತು, ಮೂವತ್ತು ಸರಕು ಹಡಗುಗಳ ಸಾಲಿನ ಇಕ್ಕೆಲದಲ್ಲಿ ಕಾವಲಾಗಿ ಹೋಗಿ ಬರುತ್ತಿದ್ದವು. ಬಂದರಿಗೆ ಬಂದರೆ ವಿಶ್ರಾಂತಿಯಿಲ್ಲ. ಚೀಲಗಳಲ್ಲಿ ಕಲ್ಲಿದ್ದಲು ಹೊತ್ತು ಉಗ್ರಾಣ ತುಂಬಿ, ಕಪ್ಪು ಮುಖ ತೊಳೆಯುವಷ್ಟರಲ್ಲಿ ಮತ್ತೆ ಹೊರಡುವ ಆಜ್ಞೆ. ನಾವಿಕರ ಬಾಯಲ್ಲಿ ಈ ಪಡೆಗೆ ‘ಆತ್ಮಹತ್ಯೆಯ ಪಡೆ’ ಎಂಬ ಹೆಸರು ಬಿತ್ತು. 1917ರ ಡಿಸೆಂಬರಿನ ಬಿರುಗಾಳಿಯಲ್ಲಿ ಕೋರ್ಸೇರ್ ಎಷ್ಟು ಜಖಂ ಆಯಿತೆಂದರೆ ಫ್ರಾನ್ಸಿಗೆ ಮರಳಲಾಗದೆ ದಕ್ಷಿಣಕ್ಕೆ ತಿರುಗಿ ಲಿಸ್ಬನ್ ಸೇರಿ ದುರಸ್ತಿ ಮಾಡಿಸಿಕೊಂಡಿತು.

ಅದಕ್ಕೂ ಮುಂಚೆ, ಅದೇ ವರ್ಷದ ಅಕ್ಟೋಬರ್ 17ರ ಬೆಳಗಿನ ಜಾವ ಈ ಪಡೆಗೆ ಮೊದಲ ದೊಡ್ಡ ಪರೀಕ್ಷೆ ಬಂತು. ಫ್ರಾನ್ಸಿನಲ್ಲಿ ಸೈನಿಕರನ್ನು ಇಳಿಸಿ ಅಮೆರಿಕಕ್ಕೆ ಮರಳುತ್ತಿದ್ದ ‘ಆಂಟಿಲೀಸ್’ ಹಡಗಿಗೆ ಕೋರ್ಸೇರ್, ಅಲ್ಸೀಡೊ ಕಾವಲಿದ್ದವು. ಟಾರ್ಪೆಡೊ ಎಂಜಿನ್ ಕೋಣೆಗೇ ಬಡಿಯಿತು. ಹತ್ತು ನಿಮಿಷವೂ ಆಗುವ ಮೊದಲೇ ಹಡಗು ನೀರಿನಡಿ ಹೋಯಿತು. ವೈರ್‌ಲೆಸ್ ಕೋಣೆಯಲ್ಲಿ ಚಾರ್ಲ್ಸ್ ಆಸ್‌ಬರ್ನ್ ಎಂಬ ನಾವಿಕ ಕೊನೆಯವರೆಗೂ ಕೂತು ಕರೆ ಕಳಿಸುತ್ತಲೇ ಮುಳುಗಿದ. ಅವನ ಹೆಸರನ್ನು ನಂತರ ಡೆಸ್ಟ್ರಾಯರುಗಳಿಗೆ ಇಟ್ಟರು. 67 ಮಂದಿ ಸತ್ತರು. ಸಬ್‌ಮರೀನ್ ಅಲ್ಲೇ ಎಲ್ಲೋ ಇದೆ. ನಿಂತ ಹಡಗು ಅದಕ್ಕೆ ಕೈತುತ್ತು. ಆದರೂ ಎರಡೂ ಯಾಟ್‌ಗಳು ಆ ನೀರನ್ನು ಬಿಟ್ಟು ಹೋಗಲಿಲ್ಲ. ಸುತ್ತುತ್ತಾ, ನಿಲ್ಲುತ್ತಾ, ಎಣ್ಣೆ ಮತ್ತು ಹಲಗೆ ಚೂರುಗಳ ನಡುವಿನಿಂದ 160ಕ್ಕೂ ಹೆಚ್ಚು ಜನರನ್ನು ಮೇಲೆತ್ತಿದವು. ಅವರಲ್ಲಿ ನೂರಕ್ಕೂ ಹೆಚ್ಚು ಮಂದಿಯನ್ನು ಎತ್ತಿದ್ದು ಅಲ್ಸೀಡೊ.

ಮೂರು ವಾರವೂ ಕಳೆದಿರಲಿಲ್ಲ. ನವೆಂಬರ್ 4ರಂದು ಅದೇ ಅಲ್ಸೀಡೊ ಸರಕು ಹಡಗುಗಳ ಸಾಲೊಂದನ್ನು ಕಾಯುತ್ತಾ ಕಡಲಿಗೆ ಹೊರಟಿತು. ಕಮಾಂಡರ್ ವಿಲಿಯಂ ಕಾನ್ ಬಟ್ಟೆ ಬದಲಿಸದೆ, ಕರೆದರೆ ಏಳುವಷ್ಟು ದೂರದಲ್ಲಿ ಅಡ್ಡಾಗಿದ್ದ. ರಾತ್ರಿ ಒಂದೂಮುಕ್ಕಾಲರ ಸುಮಾರಿಗೆ ಡೆಕ್ ಮೇಲಿದ್ದವರಿಗೆ ನೀರಿನ ಮೇಲೆಯೇ ತೇಲುತ್ತಿದ್ದ ಸಬ್‌ಮರೀನ್ ಕಂಡಿತು. ಅದು ಜರ್ಮನಿಯ ಯುಸಿ-71. ಎಚ್ಚರಿಕೆ ಗಂಟೆ ಬಾರಿಸಿದರು, ಚುಕ್ಕಾಣಿ ತಿರುಗಿಸಿದರು. ಹಡಗು ಇನ್ನೂ ತಿರುಗುತ್ತಿರುವಾಗಲೇ ಟಾರ್ಪೆಡೊ ಬಡಿಯಿತು.

ಮುಂಭಾಗ ಹರಿದು ಹೋಯಿತು. ದೀಪಗಳು ಆರಿದವು. ಕಾನ್ ದೋಣಿ ಇಳಿಸಲು, ಹಡಗು ಬಿಡಲು ಆಜ್ಞೆ ಕೊಟ್ಟ. ಕತ್ತಲಲ್ಲಿ, ವಾಲಿದ ಡೆಕ್ ಮೇಲೆ ಹಗ್ಗ ಬಿಚ್ಚುತ್ತಾ, ಒಬ್ಬರ ಮೇಲೊಬ್ಬರು ಬೀಳುತ್ತಾ ಹುಡುಗರು ತಮಗೆ ಕಲಿಸಿದ್ದನ್ನು ಮಾಡಿದರು. ಕೆಳಗೆ ಮಲಗಿದ್ದವರಲ್ಲಿ ಹಲವರಿಗೆ ಏಣಿ ಹತ್ತುವಷ್ಟೂ ಹೊತ್ತು ಸಿಗಲಿಲ್ಲ. ಎಂಟು ನಿಮಿಷಕ್ಕೆ ಅಲ್ಸೀಡೊ ತಳ ಸೇರಿತು. ಒಬ್ಬ ಅಧಿಕಾರಿ, 20 ನಾವಿಕರು ಅದರೊಡನೆ ಹೋದರು. ನೀರಿಗೆ ಬಿದ್ದ ಕಾನ್ ಈಜಿ ದೋಣಿಯೊಂದನ್ನು ಹಿಡಿದ. ಸ್ವಲ್ಪ ಹೊತ್ತಿಗೆ ಸಬ್‌ಮರೀನ್ ದೋಣಿಗಳ ಹತ್ತಿರವೇ ತೇಲಿಬಂದು, ನೋಡಿ, ಹೊರಟುಹೋಯಿತು. ಕರಾವಳಿ ಹತ್ತಾರು ಮೈಲಿ ದೂರ. ನವೆಂಬರಿನ ಚಳಿಯಲ್ಲಿ, ತೊಯ್ದ ಬಟ್ಟೆಯಲ್ಲಿ ಅವರು ರಾತ್ರಿ ಮುಗಿಯುವವರೆಗೆ, ಆಮೇಲೆ ಹಗಲೆಲ್ಲ ಹುಟ್ಟು ಹಾಕಿದರು. ಸಂಜೆಯ ಹೊತ್ತಿಗೆ ಪೆನ್‌ಮಾರ್ಕ್ ಕಲ್ಲುಗಳ ಬಳಿ ದಡ ಸಿಕ್ಕಿತು. ಆ ಯುದ್ಧದಲ್ಲಿ ಶತ್ರುವಿನ ಕೈಯಿಂದ ಮುಳುಗಿದ ಅಮೆರಿಕದ ಮೊದಲ ನೌಕಾಪಡೆ ಹಡಗು ಯಾವುದು ಎಂದು ಕೇಳಿದರೆ ಉತ್ತರ ಯಾವುದೋ ಕ್ರೂಸರ್ ಅಲ್ಲ, ಡೆಸ್ಟ್ರಾಯರ್ ಅಲ್ಲ. 1895ರಲ್ಲಿ ಗ್ಲಾಸ್ಗೊದಲ್ಲಿ ಕಟ್ಟಿದ ಈ ವಿಹಾರ ನೌಕೆ. ಮೂರು ವಾರದ ಹಿಂದೆ ಆಂಟಿಲೀಸ್‌ನವರನ್ನು ನೀರಿನಿಂದೆತ್ತಿದ್ದ ಕೈಗಳಲ್ಲಿ ಕೆಲವು ಅಂದು ನೀರಿನಡಿ ಉಳಿದವು ಎಂಬುದನ್ನು ಓದಿದಾಗಲೆಲ್ಲ ಮನಸ್ಸು ಭಾರವಾಗುತ್ತದೆ.

ಉಳಿದ ನಷ್ಟಗಳು ಶತ್ರುವಿನಿಂದ ಆದದ್ದಕ್ಕಿಂತ ಕಡಲಿನಿಂದ ಆದವು. 1918ರ ಜನವರಿಯಲ್ಲಿ ‘ಗಿನೆವಿಯರ್’ ಬ್ರಿಟನಿಯ ಬಂಡೆಗಳಿಗೆ ಬಡಿದು ಒಡೆಯಿತು. ಮೇ 22ರಂದು ‘ವಕೀವಾ’ ದಟ್ಟ ಮಂಜಿನಲ್ಲಿ ತನ್ನದೇ ಪಕ್ಷದ ಸರಕು ಹಡಗಿಗೆ ಸಿಕ್ಕಿ ಮುಳುಗಿತು.

ಅದಕ್ಕೆ ಒಂದು ದಿನ ಮೊದಲು, ಮೇ 21ರ ಸಂಜೆ, ಪುಟ್ಟ ಕ್ರಿಸ್ಟಬೆಲ್ ಸಾಲಿನಿಂದ ಮೈಲಿಗಟ್ಟಲೆ ಹಿಂದೆ ಬಿದ್ದಿದ್ದ ‘ಡಾನ್ಸ್’ ಎಂಬ ಬ್ರಿಟಿಷ್ ಉಗಿಹಡಗಿಗೆ ಜೊತೆಯಾಗಿ ಹೋಗುತ್ತಿತ್ತು. ನೀರಿನ ಮೇಲೆ ಎಣ್ಣೆಯ ಪಟ್ಟೆ, ಆಮೇಲೆ ಸಬ್‌ಮರೀನಿನ ಗುರುತು. ಕ್ರಿಸ್ಟಬೆಲ್ ಅತ್ತ ನುಗ್ಗಿ ಡೆಪ್ತ್ ಚಾರ್ಜ್ ಬಿಟ್ಟಿತು. ಈ ಆಯುಧದ ಬಗ್ಗೆ ಎರಡು ಮಾತು ಹೇಳಬೇಕು. ಅದೊಂದು ಡ್ರಮ್ಮು, ಒಳಗೆ ಸುಮಾರು 135 ಕಿಲೊ ಸ್ಫೋಟಕ. ಎಷ್ಟು ಆಳದಲ್ಲಿ ಸಿಡಿಯಬೇಕೆಂದು ಮೊದಲೇ ತಿರುಗಿಸಿ ಇಟ್ಟಿರುತ್ತಾರೆ. ಆ ಆಳದ ನೀರಿನ ಒತ್ತಡವೇ ಅದನ್ನು ಸಿಡಿಸುತ್ತದೆ. ಅದನ್ನು ಬಿಟ್ಟ ಹಡಗು, ಸಿಡಿಯುವ ಮುನ್ನ ದೂರ ಓಡಿಬಿಡಬೇಕು. ಮೂವತ್ತು ನಾಟ್ ಓಡುವ ಡೆಸ್ಟ್ರಾಯರ್‌ಗೆ ಅದು ಸಲೀಸು. ಇಪ್ಪತ್ತೈದು ವರ್ಷ ಹಳೆಯ ಯಾಟ್‌ಗೆ ಅಲ್ಲ. ಸ್ಫೋಟ ಕ್ರಿಸ್ಟಬೆಲ್‌ನ ಹಿಂಭಾಗವನ್ನೇ ಎತ್ತಿ ಕುಕ್ಕಿತು. ಸಿಡಿಯಲು ಸಜ್ಜು ಮಾಡಿಟ್ಟಿದ್ದ ಉಳಿದ ಡ್ರಮ್ಮುಗಳು ಕಟ್ಟು ಹರಿದು ಡೆಕ್ ಮೇಲೆ ಉರುಳಾಡತೊಡಗಿದವು. ಹಡಗು ಹೊಯ್ದಾಡಿದಂತೆಲ್ಲ ಅವು ಅತ್ತಿಂದಿತ್ತ. ಒಂದು ಸಿಡಿದರೆ ಹಡಗಿಲ್ಲ. ಡೇನಿಯಲ್ ಸುಲಿವಾನ್ ಎಂಬ ಕಿರಿಯ ಅಧಿಕಾರಿ ಅವುಗಳ ಮೇಲೆ ಬಿದ್ದು, ಮೈಯಿಂದಲೇ ಅದುಮಿ ಹಿಡಿದು, ಕಟ್ಟಿ ಭದ್ರ ಮಾಡಿದ. ಅವನು ಮೀಸಲು ಪಡೆಯವನು, ವೃತ್ತಿಯಿಂದ ನೌಕಾ ಅಧಿಕಾರಿಯಲ್ಲ. ಅಮೆರಿಕದ ಅತ್ಯುನ್ನತ ಶೌರ್ಯ ಪದಕ, ಮೆಡಲ್ ಆಫ್ ಆನರ್, ಅವನಿಗೆ ಸಂದಿತು. ಮೂರು ದಿನಗಳ ಮೇಲೆ ಯುಸಿ-56 ಎಂಬ ಜರ್ಮನ್ ಸಬ್‌ಮರೀನ್ ಕುಂಟುತ್ತಾ ಸ್ಪೇನಿನ ಸ್ಯಾಂಟಾಂಡೆರ್ ಬಂದರು ಹೊಕ್ಕು, ಯುದ್ಧ ಮುಗಿಯುವ ತನಕ ಅಲ್ಲೇ ಬಂಧಿಯಾಯಿತು. ಅದೇ ತಿಂಗಳ 8ರಂದು ಮೆಡಿಟರೇನಿಯನ್‌ನಲ್ಲಿ ಬ್ರಿಟಿಷ್ ‘ಬೆಸಿಲಿಸ್ಕ್’ ಜೊತೆ ಸೇರಿ ಯುಬಿ-70 ಎಂಬ ಸಬ್‌ಮರೀನನ್ನು ಮುಳುಗಿಸಿದ ಶ್ರೇಯ ಲಿಡೋನಿಯಾದ ಪಾಲಿಗೆ ಬಂತು.

ಶೌರ್ಯದ ಜೊತೆ ಅಂಜಿಕೆಯ ಕತೆಯನ್ನೂ ಹೇಳದಿದ್ದರೆ ಚಿತ್ರ ಪೂರ್ತಿಯಾಗದು. ಕೆನಡಾದ ನೌಕಾಪಡೆಯಲ್ಲಿ ‘ಹೊಶಲಾಗಾ’ ಎಂಬ ಯಾಟ್ ಇತ್ತು. 1918ರ ಆಗಸ್ಟ್ 25ರಂದು ನ್ಯೂಫೌಂಡ್‌ಲ್ಯಾಂಡ್ ದಕ್ಷಿಣದ ಕಡಲಿನಲ್ಲಿ, ಮೀನುಗಾರರ ಹಾಯಿ ಹಡಗೊಂದನ್ನು ಮುಳುಗಿಸುತ್ತಿದ್ದ ಯು-156 ಅದರ ಕಣ್ಣಿಗೆ ಬಿತ್ತು. ಅದು 15 ಸೆಂಟಿಮೀಟರಿನ ಎರಡು ಫಿರಂಗಿ ಹೊತ್ತ ಭಾರೀ ಸಬ್‌ಮರೀನ್. ಹೊಶಲಾಗಾದ ಸಣ್ಣ ಫಿರಂಗಿ ಅಷ್ಟು ದೂರ ಮುಟ್ಟುವಂತಿರಲಿಲ್ಲ. ಕಮಾಂಡರ್ ರಾಬರ್ಟ್ ಲೆಗೇಟ್ ಮುನ್ನುಗ್ಗದೆ, ಜೊತೆಯ ಹಡಗುಗಳನ್ನು ಕೂಡಿಕೊಳ್ಳಲು ಹಿಂದೆ ತಿರುಗಿದ. ಎಲ್ಲರೂ ಸೇರಿ ಬರುವಷ್ಟರಲ್ಲಿ ಶತ್ರು ಮಾಯ. ಸೇನಾ ನ್ಯಾಯಾಲಯ ಅವನನ್ನು ನೌಕಾಪಡೆಯಿಂದ ವಜಾ ಮಾಡಿತು. ನಿಯಮದ ಪ್ರಕಾರ ತೀರ್ಪು ಸರಿ ಇರಬಹುದು; ಶತ್ರುವನ್ನು ಕಂಡ ಯುದ್ಧನೌಕೆ ಎದುರಿಸಲೇಬೇಕು. ಆದರೆ ಆ ಹಡಗನ್ನು ಯುದ್ಧನೌಕೆ ಎಂದು ಕರೆದು ಕಳಿಸಿದವರೂ ಅದೇ ಕಟಕಟೆಯಲ್ಲಿ ನಿಲ್ಲಬೇಕಿತ್ತು ಎಂದು ನನಗೆ ಅನ್ನಿಸುತ್ತದೆ. ಸಣ್ಣ ಹಡಗಿನಲ್ಲಿದ್ದವನ ಧೈರ್ಯವನ್ನು ಪ್ರಶ್ನಿಸಿದಷ್ಟು ಸುಲಭವಾಗಿ ಸಣ್ಣ ಹಡಗನ್ನು ಕೊಟ್ಟವರ ತಯಾರಿಯನ್ನು ಯಾರೂ ಪ್ರಶ್ನಿಸಲಿಲ್ಲ.

ಬ್ರಿಟನ್ ಇದೇ ಕೆಲಸವನ್ನು ಅಮೆರಿಕಕ್ಕಿಂತ ಮೊದಲೇ, 1914ರಲ್ಲೇ ಶುರು ಮಾಡಿತ್ತು. ಯಾಟ್‌ಗಳು, ಮೀನು ಹಿಡಿಯುವ ಟ್ರಾಲರುಗಳು, ಡ್ರಿಫ್ಟರುಗಳು ಸೇರಿ ಅದರ ಸಹಾಯಕ ಗಸ್ತು ಪಡೆಯಾಗಿತ್ತು. ನಮ್ಮಲ್ಲಿ ಚಹಾ ಪೊಟ್ಟಣದ ಮೇಲೆ ಹೆಸರು ಕಂಡಿರುವ ಥಾಮಸ್ ಲಿಪ್ಟನ್‌ನ ‘ಎರಿನ್’ ಕೂಡ ಹೋಯಿತು. ರಾಜಮನೆತನದವರು ಊಟಕ್ಕೆ ಬರುತ್ತಿದ್ದ ಹಡಗು ಅದು. ‘ಎಗೂಸಾ’ ಎಂದು ಹೆಸರು ಬದಲಿಸಿಕೊಂಡು ಗಸ್ತು ತಿರುಗುತ್ತಿದ್ದಾಗ 1916ರ ಏಪ್ರಿಲ್ 28ರಂದು ಮಾಲ್ಟಾದ ಬಳಿ ನೀರ್ಮೈನಿಗೆ ಸಿಕ್ಕಿ ಮುಳುಗಿತು.

ಎಲ್ಲಕ್ಕಿಂತ ದೊಡ್ಡ ದುರಂತ ನಡೆದದ್ದು ಗುಂಡಿನ ಸದ್ದು ನಿಂತ ಮೇಲೆ. 1918ರ ಡಿಸೆಂಬರ್ 31ರ ಸಂಜೆ ಸ್ಕಾಟ್ಲೆಂಡಿನ ಕೈಲ್ ಬಂದರಿನಲ್ಲಿ ಲೂಯಿಸ್ ಮತ್ತು ಹ್ಯಾರಿಸ್ ದ್ವೀಪದ ನಾವಿಕರು ನೂರಾರು ಮಂದಿ ನೆರೆದಿದ್ದರು. ನಾಲ್ಕು ವರ್ಷ ಬದುಕಿ ಉಳಿದು, ಹೊಸ ವರ್ಷಕ್ಕೆ ಮನೆಗೆ ಹೊರಟವರು. ದಿನನಿತ್ಯದ ಅಂಚೆ ಹಡಗು ತುಂಬಿ ತುಳುಕಿತು. ಉಳಿದವರನ್ನು ‘ಐಯೊಲೇರ್’ ಎಂಬ ನೌಕಾಪಡೆಯ ಯಾಟ್‌ಗೆ ಹತ್ತಿಸಿದರು. 1881ರಲ್ಲಿ ಕಟ್ಟಿದ ಹಳೆಯ ವಿಹಾರ ನೌಕೆ. ಹತ್ತಿದವರು ಸಿಬ್ಬಂದಿಯೂ ಸೇರಿ ಸುಮಾರು 280. ಅಷ್ಟು ಜನಕ್ಕೆ ಸಾಲುವಷ್ಟು ಜೀವರಕ್ಷಕ ದೋಣಿಗಳಾಗಲಿ, ಜಾಕೆಟ್‌ಗಳಾಗಲಿ ಅದರಲ್ಲಿರಲಿಲ್ಲ. ರಾತ್ರಿ ಎರಡರ ಸುಮಾರಿಗೆ, ಸ್ಟಾರ್ನವೇ ಬಂದರಿನ ದೀಪಗಳು ಕಾಣುತ್ತಿರುವಾಗ, ಬಿರುಗಾಳಿಯಲ್ಲಿ ಅದು ‘ಬೀಸ್ಟ್ಸ್ ಆಫ್ ಹೋಮ್’ ಎಂಬ ಬಂಡೆಗಳಿಗೆ ಬಡಿಯಿತು. ದಡ ಕೆಲವೇ ಗಜ. ಆ ಕೆಲವೇ ಗಜಗಳಲ್ಲಿ ಕನಿಷ್ಠ 200 ಮಂದಿ ಸತ್ತರು. ಬದುಕಿದವರಲ್ಲಿ ಅರ್ಧದಷ್ಟು ಜನ ಉಳಿದದ್ದು ಒಂದು ಹಗ್ಗದಿಂದ: ನೆಸ್ ಊರಿನ ಜಾನ್ ಮೆಕ್ಲೌಡ್ ಎಂಬ ನಾವಿಕ ಹಗ್ಗದ ತುದಿ ಹಿಡಿದು ಆ ಅಲೆಗಳ ನಡುವೆ ದಡ ಸೇರಿ ಅದನ್ನು ಬಿಗಿಹಿಡಿದ, ಸುಮಾರು ನಲವತ್ತು ಮಂದಿ ಅದಕ್ಕೆ ಜೋತುಬಿದ್ದು ಬಂದರು. ಬೆಳಗಾದಾಗ ಹೆಂಡತಿಯರು, ತಾಯಂದಿರು ತಮ್ಮ ಮನೆಯವರನ್ನು ಎದುರುಗೊಂಡದ್ದು ಅದೇ ದಡದ ಮೇಲೆ ಸಾಲಾಗಿ ಮಲಗಿಸಿದ ಹೆಣಗಳ ನಡುವೆ. ಆ ದ್ವೀಪದಲ್ಲಿ ದಶಕಗಳ ಕಾಲ ಆ ರಾತ್ರಿಯ ಬಗ್ಗೆ ಮನೆಗಳಲ್ಲಿ ಮಾತೇ ಆಡುತ್ತಿರಲಿಲ್ಲವಂತೆ.

ಯುದ್ಧ ಮುಗಿದ ಮೇಲೆ ಉಳಿದ ಹಡಗುಗಳು ದಾರಿಗೊಂದರಂತೆ ಚದುರಿದವು. ಕ್ರಿಸ್ಟಬೆಲ್ 1919ರ ಜೂನ್‌ನಲ್ಲಿ ಜಾರ್ಜಿಯಾದ ಸವಾನಾ ಬಂದರಿನ ಪೈಲಟ್‌ಗಳ ಸಂಘಕ್ಕೆ ಮಾರಾಟವಾಯಿತು. ಹೊರಗಿನಿಂದ ಬರುವ ಹಡಗುಗಳಿಗೆ ದಾರಿ ತೋರುವವರನ್ನು ಒಯ್ಯುವ ಕೆಲಸ. ಕೋರ್ಸೇರ್ ಮಾರ್ಗನ್ ಮನೆತನಕ್ಕೆ ಮರಳಿತು. 1930ರಲ್ಲಿ ಕಿರಿಯ ಮಾರ್ಗನ್ ಇನ್ನೂ ದೊಡ್ಡದಾದ ನಾಲ್ಕನೇ ಕೋರ್ಸೇರ್ ಕಟ್ಟಿಸಿದ. ಹತ್ತು ವರ್ಷಕ್ಕೆ ಅದೂ ಯುದ್ಧಕ್ಕೆ ಹೋಯಿತು, 1940ರಲ್ಲಿ ಬ್ರಿಟನ್ನಿನ ನೌಕಾಪಡೆಗೆ ಕೊಟ್ಟದ್ದು. ಒಂದೇ ಮನೆಯ, ಒಂದೇ ಹೆಸರಿನ ಮೂರು ಹಡಗುಗಳು ಮೂರು ಯುದ್ಧ ಕಂಡವು.

ಮೂರನೇ ಕೋರ್ಸೇರನ್ನು ಮಾರ್ಗನ್ ಒಂದು ಡಾಲರಿಗೆ ಅಮೆರಿಕದ ಕರಾವಳಿ ಸರ್ವೆ ಇಲಾಖೆಗೆ ಕೊಟ್ಟ. ಅದಕ್ಕೆ ‘ಓಷನೋಗ್ರಾಫರ್’ ಎಂದು ಹೆಸರಿಟ್ಟರು. ಲಿಡೋನಿಯಾ 1919ರಲ್ಲೇ ಅದೇ ಇಲಾಖೆ ಸೇರಿತ್ತು. 1930ರ ಆರಂಭದ ವರ್ಷಗಳಲ್ಲಿ ಇವು, ನೀರಿಗೆ ಸದ್ದು ಬಿಟ್ಟು ಅದರ ಮಾರ್ದನಿಯಿಂದ ಆಳ ಅಳೆಯುವ ಹೊಸ ಯಂತ್ರ ಹೊತ್ತು, ಮ್ಯಾಸಚೂಸೆಟ್ಸ್ ಆಚೆಯ ಜಾರ್ಜಸ್ ಬ್ಯಾಂಕ್ ಎಂಬ ಮೀನುಗಾರಿಕೆಯ ಕಡಲನ್ನು ಗೆರೆ ಗೆರೆಯಾಗಿ ಅಳೆದವು. ಭೂಖಂಡದ ಅಂಚು ಆಳಕ್ಕೆ ಇಳಿಯುವಲ್ಲಿ ನೀರಿನಡಿ ಭಾರೀ ಕಂದಕಗಳಿರುವುದು ನಕ್ಷೆಯ ಮೇಲೆ ಮೂಡಿತು. 1942ರಲ್ಲಿ ಓಷನೋಗ್ರಾಫರ್ ಮತ್ತೆ ನೌಕಾಪಡೆಗೆ ಸೇರಿ ಪೆಸಿಫಿಕ್‌ನಲ್ಲಿ ಸರ್ವೆ ಮಾಡಿತು. 1944ರಲ್ಲಿ ಸವೆದುಹೋದ ಅದನ್ನು ಒಡೆದು ಹಾಕಿದರು. ಆ ಕಂದಕಗಳಲ್ಲಿ ಒಂದರ ಹೆಸರು ಕೋರ್ಸೇರ್, ಒಂದರದು ಓಷನೋಗ್ರಾಫರ್, ಇನ್ನೊಂದರದು ಲಿಡೋನಿಯಾ. ಹವಳಗಳು, ತಿಮಿಂಗಿಲಗಳು ಇರುವ ಆ ತಳವನ್ನು 2016ರಲ್ಲಿ ಅಮೆರಿಕ ಸರ್ಕಾರ ರಾಷ್ಟ್ರೀಯ ಸಂರಕ್ಷಿತ ಪ್ರದೇಶವೆಂದು ಘೋಷಿಸಿದಾಗ, ಅದರ ಗಡಿಯೊಳಗೆ ಓಷನೋಗ್ರಾಫರ್ ಮತ್ತು ಲಿಡೋನಿಯಾ ಕಂದಕಗಳೆರಡೂ ಸೇರಿದವು.